162 ಪಂದ್ಯ, ಆಮೇಲೆ ಐದೇ ಐದು

ಅಮೆರಿಕದ ಮೇಜರ್ ಲೀಗ್ ಬೇಸ್‌ಬಾಲ್‌ನಲ್ಲಿ ತಂಡವೊಂದು ಆರು ತಿಂಗಳು ಬೆವರು ಸುರಿಸಿ 162 ಪಂದ್ಯ ಆಡುತ್ತದೆ. 2022ರಿಂದ ಪ್ಲೇಆಫ್‌ಗೆ ಹನ್ನೆರಡು ತಂಡ: ಎರಡು ಲೀಗ್‌ಗಳಿಂದ ಆರಾರು, ಅಂದರೆ ಮೂರು ವಿಭಾಗಗಳ ವಿಜೇತರು, ಮೂವರು ವೈಲ್ಡ್‌ಕಾರ್ಡ್‌ನವರು. ವಿಜೇತರಲ್ಲಿ ಮೇಲಿನ ಇಬ್ಬರಿಗೆ ಮೊದಲ ಸುತ್ತಿನ ವಿನಾಯಿತಿ. ಮಿಕ್ಕವರಿಗೆ ಮೂರು ಪಂದ್ಯಗಳ ಸರಣಿ, ಅದೂ ಪೂರ್ತಿ ಮೇಲಿನ ಶ್ರೇಯಾಂಕದವರ ಅಂಗಳದಲ್ಲೇ. ಆಮೇಲೆ ಐದರದ್ದು. ಲೀಗ್ ಫೈನಲ್ ಮತ್ತು ವರ್ಲ್ಡ್ ಸೀರೀಸ್ ಏಳೇಳರವು.

ನನ್ನ ತಕರಾರು ಆ ಐದರ ಮೇಲೆ. ಇಬ್ಬರು ಪಿಚರ್‌ಗಳು ಲಯಕ್ಕೆ ಬಂದರೆ ಅಷ್ಟು ಚಿಕ್ಕ ಸರಣಿ ಕೈಗೆ ಬಂದಂತೆಯೇ. 2023ರಲ್ಲಿ 104 ಪಂದ್ಯ ಗೆದ್ದಿದ್ದ ಅಟ್ಲಾಂಟಾ, 101 ಗೆದ್ದಿದ್ದ ಬಾಲ್ಟಿಮೋರ್, 100 ಗೆದ್ದಿದ್ದ ಡಾಡ್ಜರ್ಸ್ ಮೂರೂ ಅಲ್ಲೇ ಮುಗ್ಗರಿಸಿದವು. 84 ಗೆದ್ದಿದ್ದ ಅರಿಜೋನಾ ವರ್ಲ್ಡ್ ಸೀರೀಸ್ ಮುಟ್ಟಿತು. ಅನಿಶ್ಚಿತತೆಯೇ ಆಟದ ಸೊಗಸು ಎನ್ನುವವರಿದ್ದಾರೆ, ಸರಿ. ಆದರೆ ಸೊಗಸಿಗಾಗಿಯೇ ಆಡುವುದಾದರೆ 162 ಪಂದ್ಯ ಯಾಕೆ? 2024ರಲ್ಲಿ ಅತಿ ಹೆಚ್ಚು, 98 ಪಂದ್ಯ, ಗೆದ್ದ ಡಾಡ್ಜರ್ಸೇ ಚಾಂಪಿಯನ್ ಆಯಿತಲ್ಲ ಎನ್ನಬಹುದು. ಆ ತಂಡವೂ ಇದೇ ಸುತ್ತಿನಲ್ಲಿ ಸ್ಯಾನ್ ಡಿಯಾಗೋ ಎದುರು 1-2ರಿಂದ ಹಿಂದಿತ್ತು, ಇನ್ನೊಂದು ಸೋತಿದ್ದರೆ ಗಂಟುಮೂಟೆ ಕಟ್ಟಬೇಕಿತ್ತು. ಈ ಸುತ್ತನ್ನೂ ಏಳಕ್ಕೆ ಏರಿಸಲಿ.