ಖಾಲಿ ಮಣೆಯ ಮೇಲೊಂದು ಕಾಯಿ

ಚದುರಂಗ ಕಲಿಸಿ ಎಂದು ಯಾರಾದರೂ ಎದುರಿಗೆ ಕೂತರೆ ನಾನು 32 ಕಾಯಿಗಳನ್ನೂ ಜೋಡಿಸುವುದಿಲ್ಲ. ಖಾಲಿ ಮಣೆ, ಅದರ ಮೇಲೆ ಒಂದೇ ಕಾಯಿ. ತುಂಬಿದ ಮಣೆಯಲ್ಲಿ ಒಂದರ ದಾರಿಗೆ ಇನ್ನೊಂದು ಅಡ್ಡ. ಕಾಯಿಯ ಸ್ವಭಾವ ತಿಳಿಯಬೇಕಾದರೆ ಅದನ್ನು ಬಯಲಿಗೆ ಬಿಡಬೇಕು.

ಮೊದಲು ಆನೆ. ಉದ್ದಕ್ಕೆ ನಡೆಯುತ್ತದೆ, ಅಡ್ಡಕ್ಕೆ ನಡೆಯುತ್ತದೆ, ಅಷ್ಟೇ. ಮೂಲೆಯಲ್ಲಿಡಿ, ನಡುವೆ ಇಡಿ, ಅದರ ಹಿಡಿತಕ್ಕೆ ಸಿಗುವುದು 14 ಮನೆ. ಜಾಗದ ಹಂಗಿಲ್ಲದ ಕಾಯಿ ಇದೊಂದೇ. ಓರೆಯಾಗಿ ಓಡುವ ಒಂಟೆಗೆ ನಡುವೆ 13 ಮನೆ ಸಿಕ್ಕರೆ ಅಂಚಿನಲ್ಲಿ 7. ಬಿಳಿ ಮನೆಯಲ್ಲಿ ಹೊರಟ ಒಂಟೆ ಕೊನೆಯವರೆಗೂ ಬಿಳಿ ಮನೆಯದೇ. ಪಕ್ಕದ ಕಪ್ಪು ಮನೆಯಲ್ಲಿ ನಿಂತ ಶತ್ರುವನ್ನು ಮುಟ್ಟಲಾರದು. ಇವೆರಡರ ನಡೆಯೂ ಕೂಡಿದ್ದು ಮಂತ್ರಿಗೆ. ಹದಿನೈದನೇ ಶತಮಾನದ ಕೊನೆಗೆ ಯುರೋಪಿನಲ್ಲಿ ನಿಯಮ ಬದಲಾಗುವವರೆಗೆ ಈ ಮಂತ್ರಿಯೂ ಓರೆಯಾಗಿ ಒಂದೇ ಮನೆ ಸರಿಯುತ್ತಿತ್ತು ಎಂದರೆ ಹೊಸಬರು ನಂಬುವುದೇ ಇಲ್ಲ.

ನನ್ನ ಜೀವ ಇರುವುದು ಕುದುರೆಯಲ್ಲಿ. ಉಳಿದ ಕಾಯಿಗಳನ್ನು ಹೆಚ್ಚುಕಡಿಮೆ ಚರಕಿಯಲ್ಲೇ ಕಡೆದು ತೆಗೆಯಬಹುದು. ಕುದುರೆಯ ತಲೆಗೆ ಉಳಿ ಹಿಡಿದ ಕೈಯೇ ಬೇಕು. ಮೂಗಿನ ಹೊಳ್ಳೆ, ಕೇಸರದ ಗೀರು ನೋಡಿದರೆ ಸಾಕು, ಆ ಸೆಟ್ಟಿನ ಯೋಗ್ಯತೆ ಗೊತ್ತಾಗುತ್ತದೆ. ಎರಡು ಮನೆ ನೇರ ಹೋಗಿ ಒಂದು ಮನೆ ಪಕ್ಕಕ್ಕೆ. ನಡುವೆ ಯಾರಿದ್ದರೂ ಹಾರುತ್ತದೆ, ಪ್ರತಿ ನೆಗೆತಕ್ಕೂ ಮನೆಯ ಬಣ್ಣ ಬದಲಾಗುತ್ತದೆ. ಈಗ ಅದನ್ನು ಮೂಲೆಯಲ್ಲಿಟ್ಟು, ಓರೆಯಲ್ಲಿ ತಾಗಿಕೊಂಡಿರುವ ಮನೆಗೆ ತನ್ನಿ. ಕೈಗೆಟುಕುವಷ್ಟು ಹತ್ತಿರ, ಆದರೂ ನಾಲ್ಕು ನೆಗೆತ ಬೇಕು! ಈ ಸುತ್ತುದಾರಿಯನ್ನು ತಾನೇ ಹುಡುಕಿಕೊಂಡವರು ಕುದುರೆಯನ್ನು ಮತ್ತೆಂದೂ ಮೂಲೆಗೆ ತಳ್ಳುವುದಿಲ್ಲ.

ಖಾಲಿ ಮಣೆಯಲ್ಲಿ ಒಂಟಿ ಕುದುರೆಯನ್ನು ಓಡಿಸುವ ಈ ಸುಖವನ್ನು ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರು (1794–1868) ಬಹಳ ದೂರ ಒಯ್ದರು. ಕುದುರೆ ಒಂದು ಮನೆಯನ್ನೂ ಎರಡನೇ ಸಲ ತುಳಿಯದೆ 64 ಮನೆಗಳನ್ನೂ ಸುತ್ತಿಬರುವ ದಾರಿಗಳನ್ನು ಕಟ್ಟಿದರು. ಅವರ ಒಂದು ರಚನೆಯಲ್ಲಿ ನಡೆದ ಕ್ರಮದಂತೆ ಮನೆಗಳಿಗೆ ಅಂಕಿ ಬರೆದರೆ ಯಾವ ಅಡ್ಡಸಾಲು ಕೂಡಿದರೂ, ಯಾವ ಕಂಬಸಾಲು ಕೂಡಿದರೂ 260. ದೊರೆಯೊಬ್ಬ ಇಂಥದ್ದಕ್ಕೆ ಕೂತು ತಲೆ ಕೆಡಿಸಿಕೊಂಡದ್ದು ನನಗೆ ಬಲು ಹೆಮ್ಮೆಯ ಸಂಗತಿ.

ಕಾಲಾಳನ್ನೂ ರಾಜನನ್ನೂ ನಾನು ಒಟ್ಟಿಗೇ ಇಡುತ್ತೇನೆ. ಹಿಂದಕ್ಕೆ ಬರಲಾಗದ ಕಾಲಾಳು, ಒಂದೊಂದೇ ಮನೆ ಸರಿಯುವ ರಾಜ. ಆಟದ ಆರಂಭದಲ್ಲಿ ಅವಿತು ಕೂರುವ ರಾಜ, ಕಾಯಿಗಳೆಲ್ಲ ಸವೆದು ಮಣೆ ಬಯಲಾದ ಮೇಲೆ ತಾನೇ ದಂಡನಾಯಕನಾಗುತ್ತಾನೆ. ಕಾಲಾಳನ್ನು ಮುಂದೆ ದೂಡಿ ರಾಜ ಹಿಂದುಳಿದರೆ ಬಹಳ ಸಲ ಆಟ ಸಮ. ಅದೇ ರಾಜ ಆರನೇ ಸಾಲಿನಲ್ಲಿ, ಅವನ ಬೆನ್ನಿಗೆ ಐದನೆಯದರಲ್ಲಿ ಕಾಲಾಳು, ನೇರ ಎದುರು ಎಂಟನೆಯದರಲ್ಲಿ ವೈರಿ ರಾಜ. ಈಗ ನಡೆ ಯಾರದಾದರೂ ಸರಿ, ಕಾಲಾಳು ಮಂತ್ರಿಯಾಗಿಯೇ ತೀರುತ್ತದೆ. ಅಂಚಿನ ಕಂಬಸಾಲಿನಲ್ಲಿ ಮಾತ್ರ ಈ ಲೆಕ್ಕ ನಡೆಯದು. ಅಲ್ಲಿ ವೈರಿ ಮೂಲೆ ಹಿಡಿದು ಕೂತರೆ ಎಬ್ಬಿಸಲಾಗುವುದಿಲ್ಲ.