ಸೀಟಿ ಸಿಗದ ಅವ್ವ

ನಾಯಕ ತೆರೆಯ ಮೇಲೆ ಬಂದರೆ ಸೀಟಿ. ನಾಯಕಿ ಬಂದರೆ ಇನ್ನೂ ಜೋರು ಸೀಟಿ. ಖಳನಾಯಕನಿಗೆ ಬೈಗುಳವಾದರೂ ಸಿಗುತ್ತದೆ. ನಾಯಕನ ತಾಯಿ ಬಂದರೆ? ಬೀಡಿ ಸೇದಲು ಹೊರಗೆ ಹೋಗುವ ಹೊತ್ತು ಅದು! ಹೊಸಪೇಟೆಯ ಗಾಂಧಿ ಕ್ಲಾಸಿನಲ್ಲಿ ಕೂತು ಬೆಳೆದ ನಾನು ಈ ನ್ಯಾಯ ಚೆನ್ನಾಗಿ ಬಲ್ಲೆ. ಅದಕ್ಕೇ ಒಬ್ಬ ತಾಯಿಯ ಪರವಾಗಿ ನಾಲ್ಕು ಮಾತು. ಹೆಸರು ಪಂಢರಿಬಾಯಿ.

ಭಟ್ಕಳದ ಹುಡುಗಿ. ಹರಿಕಥೆ, ಪೌರಾಣಿಕ ನಾಟಕಗಳಿಂದ ಬಂದು 1943ರ ‘ವಾಣಿ’ಯಲ್ಲಿ ಬಣ್ಣ ಹಚ್ಚಿದರು. 1952ರಲ್ಲಿ ತಮಿಳಿನ ‘ಪರಾಶಕ್ತಿ’. ಶಿವಾಜಿ ಗಣೇಶನ್ ಅವರ ಮೊದಲ ಚಿತ್ರ ಅದು, ಅವರಿಗೆ ಜೋಡಿ ಈಕೆ. 1954ರಲ್ಲಿ ಎಚ್.ಎಲ್.ಎನ್. ಸಿಂಹರ ‘ಬೇಡರ ಕಣ್ಣಪ್ಪ’. ನಮ್ಮ ರಾಜ್‌ಕುಮಾರ್ ನಾಯಕರಾದ ಮೊದಲ ಚಿತ್ರ. ಕಣ್ಣಪ್ಪನ ಹೆಂಡತಿ ನೀಲಾ ಯಾರು? ಇದೇ ಪಂಢರಿಬಾಯಿ! ಎರಡು ಭಾಷೆಯ ಇಬ್ಬರು ಮಹಾನಟರು ಮೊದಲ ಹೆಜ್ಜೆ ಇಟ್ಟಾಗ ಪಕ್ಕದಲ್ಲಿ ನಿಂತವರು ಒಬ್ಬರೇ.

ಮುಂದೇನಾಯ್ತು? ನಾಯಕರಿಗೆ ವಯಸ್ಸಾಗಲಿಲ್ಲ, ನಾಯಕಿಗೆ ಮಾತ್ರ ಆಯ್ತು! 1969ರ ‘ದೈವಮಗನ್’ ಚಿತ್ರದಲ್ಲಿ ಶಿವಾಜಿಗೆ ಮೂರು ಪಾತ್ರ. ಪಂಢರಿಬಾಯಿ ಒಬ್ಬ ಶಿವಾಜಿಗೆ ಹೆಂಡತಿ, ಉಳಿದಿಬ್ಬರಿಗೆ ತಾಯಿ. ಭಾರತದಿಂದ ಆಸ್ಕರ್ ಸ್ಪರ್ಧೆಗೆ ಹೋದ ಚಿತ್ರವದು. 1986ರ ‘ಅನುರಾಗ ಅರಳಿತು’ದಲ್ಲಿ ರಾಜ್‌ಕುಮಾರ್‌ಗೂ ತಾಯಿ. ನೀಲಾ 32 ವರ್ಷದ ಮೇಲೆ ಅವ್ವ ಆದಳು. ನಿಜದಲ್ಲಿ ಇಬ್ಬರೂ ಹೆಚ್ಚುಕಡಿಮೆ ಓರಗೆಯವರೇ ಸ್ವಾಮಿ!

ಪೋಷಕ ಪಾತ್ರ ಅಂದರೆ ಸಣ್ಣದೇ? 1967ರ ‘ಬೆಳ್ಳಿಮೋಡ’ ನೆನಪಿಸಿಕೊಳ್ಳಿ. ಎಲ್ಲರ ಬಾಯಲ್ಲೂ ಕಲ್ಪನಾ. ಆದರೆ ಇಂದಿರೆಯ ತಾಯಿಗೆ ತಡವಾಗಿ ಗಂಡುಮಗು ಹುಟ್ಟಿದ್ದಕ್ಕೇ ಅಲ್ಲವೇ, ಆಸ್ತಿಯ ಮೇಲೆ ಕಣ್ಣಿಟ್ಟವನು ಹಿಂದೆ ಸರಿದದ್ದು? ಆ ತಾಯಿ ಪಂಢರಿಬಾಯಿ. ಆಕೆಯ ಬಸಿರಿಲ್ಲದಿದ್ದರೆ ಕಥೆಯೇ ಇಲ್ಲ.

ಸಂಡೂರಿನ ಗಣಿಯಲ್ಲಿ ದುಡಿಯುತ್ತಿದ್ದ ನನ್ನ ಗೆಳೆಯನೊಬ್ಬ ಮನೆಯಲ್ಲಿ ಜಗಳವಾಡಿ ಎರಡು ವರ್ಷ ಕಂಪ್ಲಿಗೆ ಕಾಲಿಟ್ಟಿರಲಿಲ್ಲ. ‘ಅನುರಾಗ ಅರಳಿತು’ ಸೆಕೆಂಡ್ ಶೋ ಮುಗಿಸಿ ಹೊರಬಂದವನು ರಾಜಣ್ಣನ ಬಗ್ಗೆ ಒಂದು ಮಾತೂ ಆಡಲಿಲ್ಲ. ಹೊಸಪೇಟೆ ಬಸ್‌ಸ್ಟಾಂಡಿನಲ್ಲೇ ಬೆಳಗು ಮಾಡಿದ.

“ಸಂಡೂರಿಗೆ ಬರಂಗಿಲ್ಲೇನಲೇ?” ಅಂದೆ.

“ಆ ಅವ್ವನ ದನಿ ಕೇಳಿದ ಮ್ಯಾಲ ನಮ್ಮವ್ವನ್ನ ನೋಡಬೇಕನಿಸೈತಲೇ” ಅಂದವನೇ ಕಂಪ್ಲಿಯ ಮೊದಲ ಬಸ್ಸು ಹತ್ತಿದ. ಯಾವ ನಾಯಕಿ ಮಾಡಿಸಿಯಾಳು ಈ ಕೆಲಸ?

2003ರ ಜನವರಿ 29ರಂದು ಚೆನ್ನೈಯಲ್ಲಿ ಅವರು ಕಣ್ಣು ಮುಚ್ಚಿದರು.

ಪಂಢರಿ ಅಂದರೆ ವಿಠ್ಠಲನ ಊರು. ನಮ್ಮ ಹಂಪಿಯಲ್ಲೂ ವಿಠ್ಠಲನ ಗುಡಿಯಿದೆ. ಬಂದವರೆಲ್ಲ ಕಲ್ಲಿನ ರಥದ ಮುಂದೆ ಫೋಟೋ ಹೊಡೆಸಿಕೊಳ್ಳುತ್ತಾರೆ. ಆದರೆ ಸಂಗೀತ ಹೊರಟದ್ದು ರಥದಿಂದಲ್ಲ, ಛಾವಣಿ ಹೊತ್ತು ನಿಂತ ಕಂಬಗಳಿಂದ!

ಗೆಳೆಯರೇ, ‘ಬೇಡರ ಕಣ್ಣಪ್ಪ’, ‘ಅನುರಾಗ ಅರಳಿತು’ ಎರಡನ್ನೂ ಒಂದೇ ವಾರದಲ್ಲಿ ನೋಡಿ. ಈ ಸಲ ಪಂಢರಿಬಾಯಿಯನ್ನು ನೋಡಿ. ಆಮೇಲೆ ಹೇಳಿ, ಏನಂತೀರಿ?