ಉರಿಯಿಲ್ಲದ ಒಲೆಯಲ್ಲಿ ತತ್ತಿ

ರಾಯಚೂರು ಜಿಲ್ಲೆಯ ಸಿಂಧನೂರು, ಲಿಂಗಸುಗೂರು, ಮಸ್ಕಿ ಸೀಮೆಯಲ್ಲಿ ತತ್ತಿ ಯಾವ ಮನೆಯಲ್ಲಿ ಬೇಯುತ್ತದೆ ಎಂಬುದಕ್ಕಿಂತ ಮನೆಯ ಯಾವ ಭಾಗದಲ್ಲಿ ಬೇಯುತ್ತದೆ ಎಂಬ ಪ್ರಶ್ನೆಯೇ ಹೆಚ್ಚು ಸೂಕ್ಷ್ಮವಾದುದು. ಹಿರಿಯರು ಮುಟ್ಟದ, ಕಿರಿಯರು ಬಿಡದ ಮನೆಗಳಲ್ಲಿ ತತ್ತಿಗೆಂದೇ ಬೇರೆ ಪಾತ್ರೆಯಿದ್ದು, ಹಿತ್ತಿಲಿನ ಮೂಲೆಯಲ್ಲಿ ಅದಕ್ಕೊಂದು ಸ್ಟೋವೂ ಇರುತ್ತಿತ್ತು. ಅಂಥ ಮನೆಗಳಲ್ಲೊಂದಾದ ಈ ಪ್ರಬಂಧಕಾರನ ಸಿಂಧನೂರಿನ ಮನೆಗೆ ಮೈಕ್ರೋವೇವ್ ಒಲೆ ಬಂದಾಗ, ಅದನ್ನು ಅಡುಗೆಮನೆಗೆ ಸೇರಿಸದೆ ಪಡಸಾಲೆಯಲ್ಲಿ ಫ್ರಿಜ್ಜಿನ ಪಕ್ಕಕ್ಕೆ ಇಡಲಾಯಿತು. ಹಿತ್ತಿಲಿನ ತತ್ತಿ ಹೀಗೆ ಸದ್ದಿಲ್ಲದೆ ನಡುಮನೆಗೆ ಬಡ್ತಿ ಪಡೆಯಿತು. “ಉರಿ ಇಲ್ಲದ ಹ್ಯಾಂಗ ಬೇಯತೈತಿ?” ಎಂಬ ಮನೆಯ ಅಜ್ಜಿಯ ಪ್ರಶ್ನೆ ಆಕ್ಷೇಪದಂತೆ ಕೇಳಿದರೂ ಭೌತಶಾಸ್ತ್ರದ ಒಳ್ಳೆಯ ಪ್ರಶ್ನೆಯೇ ಆಗಿತ್ತು.

ಅದರ ಉತ್ತರವು ಯುದ್ಧಕಾಲದ ರೇಡಾರಿನಲ್ಲಿದೆ. ಶತ್ರು ವಿಮಾನಗಳನ್ನು ಪತ್ತೆಹಚ್ಚಲು ಪ್ರಬಲ ಕಿರುತರಂಗಗಳನ್ನು ಹೊಮ್ಮಿಸುವ ಮ್ಯಾಗ್ನೆಟ್ರಾನ್ ಎಂಬ ಕೊಳವೆಯ ಸುಧಾರಿತ ರೂಪವನ್ನು 1940ರಲ್ಲಿ ಬರ್ಮಿಂಗ್‌ಹ್ಯಾಮ್ ವಿಶ್ವವಿದ್ಯಾಲಯದ ರ‍್ಯಾಂಡಲ್ ಮತ್ತು ಬೂಟ್ ರೂಪಿಸಿದರು. 1945ರಲ್ಲಿ ಅಮೆರಿಕದ ರೇಥಿಯಾನ್ ಕಂಪನಿಯ ಪರ್ಸಿ ಸ್ಪೆನ್ಸರ್, ಅಂಥ ಕೊಳವೆಯ ಬಳಿ ನಿಂತಾಗ ಜೇಬಿನಲ್ಲಿದ್ದ ಮಿಠಾಯಿ ಕರಗಿದ್ದನ್ನು ಗಮನಿಸಿ, ಅದೇ ವರ್ಷ ಪೇಟೆಂಟಿಗೆ ಅರ್ಜಿ ಹಾಕಿದನು. ಚಿನ್ನದ ಗಣಿಗಾರಿಕೆಯ ಎಂಜಿನಿಯರ್ ಬೀಡನ್ 1915ರಲ್ಲಿ ಮಸ್ಕಿಯ ಬಂಡೆಯ ಮೇಲೆ ಅಶೋಕನ ಹೆಸರುಳ್ಳ ಶಾಸನವನ್ನು ಕಂಡ ಊರಿನವರಿಗೆ ಇಂಥ ಆಕಸ್ಮಿಕಗಳು ಹೊಸವೇನಲ್ಲ. ಸ್ಪೆನ್ಸರನ ಮುಂದಿನ ಪ್ರಯೋಗಗಳಲ್ಲೊಂದು ತತ್ತಿಯ ಮೇಲೆ ನಡೆದು, ಇಣುಕಿ ನೋಡುತ್ತಿದ್ದ ಸಹೋದ್ಯೋಗಿಯ ಮುಖಕ್ಕೇ ಅದು ಸಿಡಿಯಿತೆಂಬ ಕಥೆ ಪ್ರಚಲಿತವಾಗಿದೆ. 1947ರ ಸುಮಾರಿಗೆ ಮಾರಾಟಕ್ಕೆ ಬಂದ ಮೊದಲ ಒಲೆ ಆಳೆತ್ತರವಿದ್ದು 340 ಕಿಲೋ ತೂಗುತ್ತಿತ್ತು. ಮೇಜಿನ ಮೇಲಿಡಬಹುದಾದ ಜನಪ್ರಿಯ ಮಾದರಿಗೆ 1967ರವರೆಗೆ ಕಾಯಬೇಕಾಯಿತು.

ತತ್ತಿ ಸಿಡಿಯುವುದೇಕೆಂದರೆ, ಸೆಕೆಂಡಿಗೆ 245 ಕೋಟಿ ಸಲ ಕಂಪಿಸುವ ಈ ಅಲೆಗಳು ಆಹಾರದೊಳಗಿನ ನೀರಿನ ಅಣುಗಳನ್ನು ಕದಲಿಸಿ ಅಲ್ಲಿಯೇ ಶಾಖವನ್ನು ಹುಟ್ಟಿಸುತ್ತವೆ. ತತ್ತಿಯ ಬಿಳಿಯಲ್ಲಿ ನೂರಕ್ಕೆ ಸುಮಾರು 90 ಪಾಲು, ಹಳದಿಯಲ್ಲಿ ಅರ್ಧದಷ್ಟು ನೀರಿರುವುದರಿಂದ ಹಬೆ ಹೇರಳವಾಗಿ ಹುಟ್ಟುತ್ತದೆ, ಆದರೆ ಚಿಪ್ಪಿನೊಳಗಿನ ಆ ಹಬೆಗೆ ಹೊರದಾರಿಯೇ ಇರುವುದಿಲ್ಲ. ಚಿಪ್ಪು ಸುಲಿದ ಮಾತ್ರಕ್ಕೆ ಅಪಾಯ ತಪ್ಪಿತೆಂದು ತಿಳಿಯುವುದೂ ತಪ್ಪು. ಮೊದಲೇ ಬೇಯಿಸಿದ ತತ್ತಿಯನ್ನು ಮತ್ತೆ ಬಿಸಿಮಾಡಿದರೆ, ಹಳದಿಯಲ್ಲಿ ಅಲ್ಲಲ್ಲಿ ಸಿಕ್ಕಿಕೊಂಡ ನೀರು ಕುದಿಯುವ ಬಿಂದುವನ್ನು ದಾಟಿಯೂ ಕುದಿಯದೆ ಉಳಿದು, ಹಲ್ಲು ತಾಗಿದೊಡನೆ ಒಮ್ಮೆಲೇ ಹಬೆಯಾಗಿ ಸ್ಫೋಟಿಸಬಹುದೆಂದು 2017ರಲ್ಲಿ ಅಮೆರಿಕದ ಧ್ವನಿತಜ್ಞರು ತಮ್ಮ ಪ್ರಯೋಗಗಳ ಆಧಾರದಿಂದ ವಿವರಿಸಿದರು. ಅವರು ಒಂದಡಿ ದೂರದಲ್ಲಿ ಅಳೆದ ಸದ್ದು 86ರಿಂದ 133 ಡೆಸಿಬೆಲ್‌ವರೆಗೆ, ಎಂದರೆ ಕಿವಿಗೆ ನೋವಾಗುವ ಮಟ್ಟಕ್ಕೂ, ಮುಟ್ಟಿತ್ತು.

ಆದ್ದರಿಂದ ಈ ಒಲೆಗೆ ಒಗ್ಗುವುದು ಒಡೆದ ತತ್ತಿ ಮಾತ್ರ. ಪಿಂಗಾಣಿಯ ಕಪ್ಪಿನಲ್ಲಿ ಒಡೆದು, ಒಂದು ಚಮಚ ಹಾಲು, ಉಪ್ಪು, ಹೆಚ್ಚಿದ ಈರುಳ್ಳಿ, ಹಸಿಮೆಣಸಿನಕಾಯಿ ಸೇರಿಸಿ ಕದಡಿ, ಅರ್ಧ ನಿಮಿಷಕ್ಕೊಮ್ಮೆ ತಿರುವುತ್ತ ಬೇಯಿಸಿದರೆ ಕಟಿರೊಟ್ಟಿಗೆ ಹೊಂದುವ ಬುರ್ಜಿಯಂಥದೊಂದು ಸಿದ್ಧವಾಗುತ್ತದೆ. ಆದರೆ ಎಣ್ಣೆಯಲ್ಲಿ ಈರುಳ್ಳಿ ಕೆಂಪಾದಾಗ ಬರುವ ಘಮ ಅದಕ್ಕಿರದು. ಒಲೆಯ ಜೊತೆಗೆ ಬರುವ ಕೈಪಿಡಿಯ ನಿಮಿಷಗಳನ್ನೂ ಪೂರ್ತಿ ನಂಬುವಂತಿಲ್ಲ. ಬೇಸಗೆಯ ಸಂಜೆ ವೋಲ್ಟೇಜ್ ಕುಸಿದಾಗ ಅಲೆಗಳ ಬಲವೂ ಕುಗ್ಗಿ, ಒಂದು ನಿಮಿಷದ ಕೆಲಸ ಎರಡಕ್ಕೆ ಬೆಳೆಯುತ್ತದೆ.

ಹಿತ್ತಿಲು, ಪಡಸಾಲೆಗಳ ಈ ಸಣ್ಣ ರಾಜಕೀಯ ಶಾಲೆಗಳಲ್ಲಿ ದೊಡ್ಡದಾಗಿಯೇ ನಡೆದಿದೆ. ಅಪೌಷ್ಟಿಕತೆ ಹೆಚ್ಚಿದ್ದ ರಾಯಚೂರೂ ಸೇರಿದಂತೆ ಕೆಲವು ಜಿಲ್ಲೆಗಳ ಶಾಲಾಮಕ್ಕಳಿಗೆ ಸರ್ಕಾರವು 2021ರ ಡಿಸೆಂಬರಿನಲ್ಲಿ ಬೇಯಿಸಿದ ತತ್ತಿ ಕೊಡಲಾರಂಭಿಸಿದಾಗ ಕೆಲವು ಮಠಾಧೀಶರು ವಿರೋಧಿಸಿದರು; ಒಲ್ಲದ ಮಕ್ಕಳಿಗೆ ಬಾಳೆಹಣ್ಣಿನ ಆಯ್ಕೆಯಿತ್ತು, ಉಳಿದವರು ಸುಲಿದು ತಿಂದರು. 2024ರಿಂದ ಅಜೀಂ ಪ್ರೇಮ್‌ಜಿ ಫೌಂಡೇಶನ್ನಿನ ನೆರವಿನೊಡನೆ ಅದು ವಾರಕ್ಕೆ ಆರು ದಿನದ ಪದ್ಧತಿಯಾಯಿತು. ಆ ತತ್ತಿಗಳೆಲ್ಲ ಬೇಯುವುದು ದೊಡ್ಡ ಪಾತ್ರೆಯ ಕುದಿನೀರಿನಲ್ಲಿ. ಮನೆಯಲ್ಲಿಯೂ ಒಬ್ಬರ ಹಸಿವಿಗಾದರೆ ಕಪ್ಪು ಸಾಕು. ಉಣ್ಣುವವರು ಇಬ್ಬರಿಗಿಂತ ಹೆಚ್ಚಿದ್ದರೆ, ಅಜ್ಜಿಯ ಕಣ್ಣಿಗೆ ಕಾಣುವ ಉರಿಯ ಮೇಲೆ ನೀರಿಡುವುದೇ ಲೇಸು.